ಪೋರ್ಟರನ ಕೊನೆಯ ಮಾತು

“ಈ ಮನುಷ್ಯನಿಗಿಂತ ಆ ಟೋಪಿ ನೇತುಹಾಕೋ ಗೂಟ ಎಷ್ಟೋ ವಾಸಿ. ಅದಕ್ಕೆ ಮಾತು ಬರಲ್ಲ ಅಂತ ಮೊದಲೇ ಗೊತ್ತಿರುತ್ತೆ.”

ಡೆನ್ಜಿಲ್ ಫೇನ್ ಇದನ್ನು ಮೆಲ್ಲಗೆ ಹೇಳಲಿಲ್ಲ. ಸಿನಿಮಾದಲ್ಲಿ ಪಿಸುಮಾತಾಡಿ ಹೆಸರು ಮಾಡಿದವನು, ಬೈಯುವಾಗ ಮಾತ್ರ ಬಾಲ್ಕನಿಯ ಕೊನೆಯ ಸಾಲಿಗೂ ಮುಟ್ಟುವ ಹಾಗೆ ಗಂಟಲು ತೆಗೆದ. ವೇದಿಕೆಯ ಮೇಲೆ ಇಡೀ ಕಂಪನಿ ವೇಷ ಹಾಕಿಕೊಂಡು ನಿಂತಿತ್ತು. ಸೋಮವಾರ ಮಧ್ಯಾಹ್ನದ ಕೊನೆಯ ತಾಲೀಮು. ಸಂಜೆ ಆರಕ್ಕೆ ಮೊದಲ ಆಟ, ರಾತ್ರಿ ಎರಡನೆಯದು.

ಬೈಸಿಕೊಂಡವನು ಹೆಡ್ಲಿ ವಿಂಟ್. ಐವತ್ತೆಂಟು ವರ್ಷದ ಮನುಷ್ಯ, ರೈಲ್ವೆ ಪೋರ್ಟರನ ಕೋಟು ತೊಟ್ಟು, ಕೈಯಲ್ಲಿ ಲಾಂದ್ರ ಹಿಡಿದು ಒಲೆಯ ಪಕ್ಕ ನಿಂತಿದ್ದ. ಅವನು ಸುತ್ತ ಒಮ್ಮೆ ನೋಡಿದ. ಆಮೇಲೆ ತಲೆಯ ಮೇಲಿದ್ದ ಪೋರ್ಟರನ ಟೋಪಿ ತೆಗೆದು, ಆ ಗೂಟಕ್ಕೇ ನೇತುಹಾಕಿ, ಗೂಟಕ್ಕೊಂದು ಸಲಾಮು ಹೊಡೆದ. ಹಿಂದೆ ಯಾರೋ ಕಿಸಕ್ಕೆಂದರು. ಫೇನನ ಮುಖ ಇನ್ನಷ್ಟು ಕೆಂಪಗಾಯಿತು.

ಆದದ್ದು ಇಷ್ಟೇ. ನಾಟಕದವರಲ್ಲಿ ಒಂದು ಪದ್ಧತಿ ಇದೆ. ನಾಟಕದ ಕಟ್ಟಕಡೆಯ ಮಾತನ್ನು ತಾಲೀಮಿನಲ್ಲಿ ಆಡಬಾರದು. ಖಾಲಿ ಕುರ್ಚಿಗಳ ಮುಂದೆ ನಾಟಕ ಮುಗಿಸಿದರೆ ಅದು ನಿಜವಾಗಿಯೂ ಮುಗಿದೇ ಹೋಗುತ್ತದೆ ಅಂತ ನಂಬಿಕೆ. ಜನ ಬಂದು ಕೂತ ಮೇಲೆ, ಮೊದಲ ಆಟದಲ್ಲೇ ಆ ಮಾತು ಮೊದಲ ಸಲ ಹೊರಬೀಳಬೇಕು. ಈ ನಾಟಕದಲ್ಲಿ ಕೊನೆಯ ಮಾತು ಪೋರ್ಟರನದು. ಆದ್ದರಿಂದ ಫೇನ್ “ಪೋರ್ಟರ್, ನಮ್ಮ ಗಾಡಿ ಎಷ್ಟು ಹೊತ್ತಿಗೆ?” ಅಂತ ಕೇಳಿದಾಗ ವಿಂಟ್ ಪದ್ಧತಿಯ ಪ್ರಕಾರ “ಡಂ ಡಿ ಡಂ ಡಂ” ಅಂದಿದ್ದ.

ಫೇನ್ ಸಿನಿಮಾಕ್ಕೆ ಬಂದದ್ದು ಮಳೆಕೋಟಿನ ಜಾಹೀರಾತಿನಿಂದ. ನಾಟಕದ ಹಲಗೆ ಹತ್ತಿದ್ದು ಇದೇ ಮೊದಲು. ಕಂಪನಿ ವಾರವಿಡೀ ತಾಲೀಮು ಮಾಡುವಾಗ ಅವನು ಲಂಡನ್ನಿನಲ್ಲಿದ್ದ, ಬಂದದ್ದು ಶನಿವಾರ. ಡಂ ಡಿ ಡಂ ಅವನಿಗೆ ಹೊಸದು.

“ಇಡೀ ನಾಟಕದಲ್ಲಿ ಇವನಿಗೆ ಒಂಬತ್ತು ಮಾತು,” ಅಂತ ಅವನು ಎಲ್ಲರಿಗೂ ಲೆಕ್ಕ ಒಪ್ಪಿಸಿದ. “ಅದರಲ್ಲಿ ಎಂಟು ‘ಹೌದು ಸಾರ್’. ಉಳಿದ ಒಂದನ್ನ ನೆನಪಿಟ್ಕೊಳ್ಳೋಕಾಗಲ್ವಾ?”

ವೇದಿಕೆಯ ಪಕ್ಕದ ಮರೆಯಲ್ಲಿ, ವಿಂಗಿನಲ್ಲಿ, ಸ್ಟೂಲಿನ ಮೇಲೆ ಕೂತು ಪುಸ್ತಕ ನೋಡಿ ಮಾತು ಎತ್ತಿಕೊಡುವ ಮಾವಿಸ್, ಹೆಣೆಯುತ್ತಿದ್ದ ಸ್ವೆಟರನ್ನು ತೊಡೆಯ ಮೇಲಿಟ್ಟಳು. “ಮರೆತದ್ದಲ್ಲ ಮಿಸ್ಟರ್ ಫೇನ್. ಅದು ನಮ್ಮ ಪದ್ಧತಿ.”

“ಮೂರ್ಖತನಕ್ಕೆ ವಯಸ್ಸಾದರೆ ಅದಕ್ಕೇ ಪದ್ಧತಿ ಅನ್ನೋದು,” ಎಂದ ಫೇನ್. ನೇರ ನಡೆದು ಅವಳ ಕೈಯಿಂದ ಪುಸ್ತಕ ಕಿತ್ತುಕೊಂಡ. ಕೊನೆಯ ಪುಟ ತೆಗೆದ. ಎಲ್ಲರೂ ನೋಡುತ್ತಿದ್ದಂತೆ, ಏಳುನೂರು ಖಾಲಿ ಕುರ್ಚಿಗಳ ಮುಂದೆ, ಆ ಮಾತನ್ನು ಗಟ್ಟಿಯಾಗಿ ಓದಿಬಿಟ್ಟ.

ಅದನ್ನು ಇಲ್ಲಿ ಬರೆಯುವ ಹಾಗಿಲ್ಲ. ಜನ ಇನ್ನೂ ಬಂದು ಕೂತಿಲ್ಲ.

ನಾಯಕಿಯ ಪಾರ್ಟಿನವಳು ಬಾಯಿ ಮುಚ್ಚಿಕೊಂಡಳು. ಕೆಟ್ಟದ್ದು ತಟ್ಟದಿರಲಿ ಅಂತ ಮಾವಿಸ್ ಕೈಗೆ ಸಿಕ್ಕಿದ ಮರ ಮುಟ್ಟಿದಳು. ಸ್ಟೂಲಿನ ಕಾಲು ಸಿಕ್ಕಿತು. ಫೇನ್ ಮಾತ್ರ ತನ್ನ ದನಿಯನ್ನು ತಾನೇ ಕೇಳಿಸಿಕೊಂಡು, ಬಾಯಿಗೆ ಬಿದ್ದ ಚಾಕಲೇಟು ರುಚಿ ಹತ್ತಿದವನ ಹಾಗೆ ನಿಂತಿದ್ದ.

“ಅಲ್ಲಾ, ಇದು ಚೆನ್ನಾಗಿದೆಯಲ್ಲ!” ಎಂದ. “ಇದು ಪೋರ್ಟರ್ ಹೇಳೋ ಮಾತಲ್ಲ. ನಾಯಕ ಹೇಳಬೇಕಾದ್ದು. ಸ್ಟೇಷನ್ ಗೋಡೆ ಮೇಲಿನ ನೋಟೀಸು ನೋಡಿ ನಾನೇ ಹೇಳ್ತೀನಿ. ನನ್ನ ಮುಖದ ಮೇಲೆ ಬೆಳಕು, ಪರದೆ. ಇವನು ಲಾಂದ್ರ ಹಿಡ್ಕೊಂಡು ನಿಂತ್ಕೊಳ್ಳಲಿ.”

ಎಲ್ಲರ ಕಣ್ಣೂ ಕಂಪನಿಯ ಯಜಮಾನಿತಿ ಮಿಸೆಸ್ ಥಾರ್ಪ್ ಕಡೆ ಹೊರಳಿದವು. ಆಕೆ ಮೂರನೇ ಸಾಲಿನಲ್ಲಿ ಕೂತು ಸ್ಯಾಂಡ್‌ವಿಚ್ ತಿನ್ನುತ್ತಿದ್ದವಳು ಅಗಿಯುವುದನ್ನು ನಿಲ್ಲಿಸಿದಳು. ಹನ್ನೊಂದು ವರ್ಷದಿಂದ ವಿಟ್‌ಕ್ಲಿಫ್ ಪಿಯರಿನ, ಅಂದರೆ ಕಡಲೊಳಕ್ಕೆ ಚಾಚಿದ ಹಲಗೆಯ ಕಟ್ಟೆಯ, ತುದಿಯ ಈ ಥಿಯೇಟರನ್ನು ನಡೆಸುತ್ತಿದ್ದಳು. ಕೆಳಗೆ ಕಬ್ಬಿಣದ ಕಂಬಗಳಿಗೆ ತುಕ್ಕು, ಮೇಲೆ ಸೋರುವ ಸೂರು, ನಡುವೆ ಅವಳು. ಫೇನನ ಹೆಸರಿನಿಂದ ಇಡೀ ವಾರದ ಸೀಟು ಭರ್ತಿಯಾಗಿದ್ದವು. ಅವನೇನಾದರೂ ಮುನಿಸಿಕೊಂಡು ಮೂರೂಮುಕ್ಕಾಲರ ರೈಲು ಹತ್ತಿದರೆ?

“ಹೆಡ್ಲಿ ಡಾರ್ಲಿಂಗ್,” ಎಂದಳು. ಸೂರು ರಿಪೇರಿಯವನನ್ನೂ ಆಕೆ ಡಾರ್ಲಿಂಗ್ ಅಂತಲೇ ಕರೆಯುವುದು. “ನೀನು ದೊಡ್ಡ ಮನಸ್ಸಿನವನು, ಅಲ್ವಾ?”

ದೊಡ್ಡ ಮನಸ್ಸಿನವನು ಅಂತ ಯಾರಾದರೂ ಅಂದರೆ ತಕ್ಷಣ ಜೇಬು ಮುಟ್ಟಿ ನೋಡಿಕೊಳ್ಳಬೇಕು. ಏನೋ ಹೋಗಿರುತ್ತದೆ.

“ಅದಕ್ಕೇನಂತೆ ಮಿಸೆಸ್ ಥಾರ್ಪ್,” ಎಂದ ವಿಂಟ್. ಗೂಟದಿಂದ ಟೋಪಿ ತೆಗೆದುಕೊಂಡ.

*

ಮೂವತ್ತೊಂದು ವರ್ಷ ಅವನು ಈ ಕೆಲಸ ಮಾಡಿದ್ದ. ಬಟ್ಲರ್, ಪೊಲೀಸಿನವನು, ವಕೀಲರ ಗುಮಾಸ್ತ, ಪಾದ್ರಿ, ಎರಡು ಸಲ ಶವ. ಸಿನಿಮಾದಲ್ಲೂ ಇದ್ದ, ನಲವತ್ತಕ್ಕೂ ಹೆಚ್ಚು ಸಿನಿಮಾ. ಬಾಗಿಲು ತೆಗೆಯುವುದು, ಟೋಪಿ ಇಸಿದುಕೊಳ್ಳುವುದು, “ಕಾರು ಬಂತು, ಮಹಾಸ್ವಾಮಿ” ಅನ್ನುವುದು. ಒಮ್ಮೆ ಲೀಡ್ಸಿನಿಂದ ಬರುವ ರೈಲಿನಲ್ಲಿ ಬೇಜಾರಾಗಿ ಕೂಡಿ ನೋಡಿದಾಗ, ಬೆಳ್ಳಿತೆರೆಯ ಮೇಲೆ ಅವನ ಮುಖ ಒಟ್ಟು ಹತ್ತೊಂಬತ್ತು ನಿಮಿಷ ಕಾಣಿಸಿತ್ತು. ಅದರಲ್ಲಿ ಆರು ನಿಮಿಷ ಸತ್ತಿದ್ದ. ಇದನ್ನು ಅವನೇ ಹೇಳಿಕೊಂಡು ನಗುತ್ತಿದ್ದ. ಪೋಸ್ಟರಿನ ತಳದಲ್ಲಿ ಅವನ ಹೆಸರು ಪೋಸ್ಟರು ಅಚ್ಚು ಹಾಕಿದವನ ಹೆಸರಿಗಿಂತ ಸಣ್ಣಕ್ಷರದಲ್ಲಿರುತ್ತಿತ್ತು. ಅದನ್ನೂ ಹೇಳಿಕೊಂಡು ನಗುತ್ತಿದ್ದ. ಯಾರಾದರೂ ತಟ್ಟೆ ಹಿಡಿದು ನಿಲ್ಲದಿದ್ದರೆ ನಾಯಕ ಕುಡಿದ ಗ್ಲಾಸನ್ನು ಎಲ್ಲಿಡಬೇಕು, ತಲೆಯ ಮೇಲಾ? ಇದನ್ನು ಮಾತ್ರ ಅವನು ಎಂದೂ ಕೇಳಿದವನಲ್ಲ. ಪತ್ರಿಕೆಯವರಂತೂ ಕೇಳುವ ಜಾತಿಯೇ ಅಲ್ಲ.

ಆದರೆ ಈ ಮೂವತ್ತೊಂದು ವರ್ಷದಲ್ಲಿ ಒಂದು ನಾಟಕದ ಕೊನೆಯ ಮಾತು ಅವನ ಪಾಲಿಗೆ ಬಂದದ್ದು ಇದೇ ಮೊದಲು. ಪಾರ್ಟು ಕೈಗೆ ಬಂದಾಗ ಕೊನೆಯ ಪುಟವನ್ನು ಮೂರು ಸಲ ಓದಿದ್ದ, ತಪ್ಪಿ ಬಂದಿದೆಯೇನೋ ಅಂತ. ಆಮೇಲೆ ಎಂಟು ದಿನ ಆ ಮಾತನ್ನು ಕಚ್ಚದೆ ಚೀಪುವ ಪೆಪ್ಪರ್‌ಮಿಂಟಿನ ಹಾಗೆ ಬಾಯಲ್ಲಿಟ್ಟುಕೊಂಡು ಓಡಾಡಿದ್ದ. ಒಬ್ಬನೇ ಇದ್ದಾಗಲೂ ಆಡಿರಲಿಲ್ಲ.

ಅವನಿಗೆ ಇನ್ನೊಂದು ಅಭ್ಯಾಸ ಇತ್ತು. ಶಿಳ್ಳೆ. ಕೋಗಿಲೆಯೂ ನಿಂತು ಕೇಳಬೇಕು, ಹಾಗೆ ಹಾಕುತ್ತಿದ್ದ. ಆದರೆ ಥಿಯೇಟರಿನೊಳಗೆ ಶಿಳ್ಳೆ ಹಾಕಿದರೆ ಮೇಲಿನಿಂದ ಪರದೆಯ ಭಾರಕ್ಕೆ ಕಟ್ಟಿದ ಮರಳಿನ ಚೀಲ ತಲೆಯ ಮೇಲೆ ಬೀಳುತ್ತದೆ ಅಂತ ಇನ್ನೊಂದು ಪದ್ಧತಿ. ಹಾಗಾಗಿ ಹಿಂಬಾಗಿಲ ಹೊಸ್ತಿಲು ದಾಟಿ, ಎರಡೂ ಕಾಲು ಪಿಯರಿನ ಹಲಗೆಯ ಮೇಲೆ ಬಂದ ಮೇಲೇ ಶುರುಮಾಡುತ್ತಿದ್ದ. ಪ್ರತಿದಿನ ಆ ಶಿಳ್ಳೆ ದಡದ ಕಡೆ ದೂರವಾಗುತ್ತ ಹೋಗುವುದನ್ನು ಮಾವಿಸ್ ಒಳಗಿನಿಂದಲೇ ಕೇಳುತ್ತಿದ್ದಳು.

ಆ ಮಧ್ಯಾಹ್ನ ಅವನು ಹೊಸ್ತಿಲು ದಾಟಿದ. ಅವಳು ಸೂಜಿ ನಿಲ್ಲಿಸಿ ಕಿವಿಗೊಟ್ಟಳು. ಏನೂ ಕೇಳಿಸಲಿಲ್ಲ. ಬರೀ ಕಡಲಹಕ್ಕಿಗಳು.

*

“ಕೂತ್ಕೊಳ್ಳಿ, ಕೂತ್ಕೊಳ್ಳಿ! ಹೊಟ್ಟೆ ತುಂಬ ತಿಂದು ಹೋಗಿ. ಇವತ್ತು ಕೊನೆ ಮಾತು ನಿಮ್ದು!”

ವಿಂಟ್ ಬಾಡಿಗೆಗಿದ್ದ ಮನೆಯ ಒಡತಿ ಮಿಸೆಸ್ ಆಕ್ರಾಯ್ಡ್ ಟೀ ಮೇಜಿನ ಮೇಲೆ ಹೊಗೆಯಲ್ಲಿ ಒಣಗಿಸಿದ ಮೀನು, ಬ್ರೆಡ್ಡು ಬೆಣ್ಣೆ, ಡಬ್ಬಿಯ ಪೀಚ್ ಹಣ್ಣು ಹರಡಿದ್ದಳು. ಯುದ್ಧಕಾಲದಿಂದ ಇದ್ದ ಬೆಣ್ಣೆಯ ರೇಷನ್ ಆಗತಾನೆ ನಿಂತಿತ್ತು; ಅದರ ಸೇಡು ಎಂಬಂತೆ ಬ್ರೆಡ್ಡಿಗಿಂತ ದಪ್ಪ ಬೆಣ್ಣೆ ಬಳಿದಿದ್ದಳು.

ಅವನು ಬಂದ ಮೊದಲ ದಿನ ಆಕೆ, “ನಿಮ್ಮನ್ನ ಎಲ್ಲೋ ನೋಡಿದ್ದೀನಿ. ಹೋದ ವರ್ಷ ಗ್ಯಾಸ್ ರಿಪೇರಿಗೆ ಬಂದಿದ್ರಲ್ಲಾ?” ಎಂದಿದ್ದಳು. ಅವನ ಮುಖವೇ ಅಂಥದು. ಎಲ್ಲ ಊರಿನಲ್ಲೂ ಜನ ಅವನನ್ನು ಎಲ್ಲೋ ನೋಡಿರುತ್ತಿದ್ದರು. ಪೋಸ್ಟಾಫೀಸಿನಲ್ಲಿ, ಸೋದರತ್ತೆಯ ಮಣ್ಣಿಗೆ ಬಂದಿದ್ದವರಲ್ಲಿ, ಲೈಬ್ರರಿ ಕೌಂಟರಿನಲ್ಲಿ. ಸಿನಿಮಾದಲ್ಲಿ ಅಂತ ಒಬ್ಬರೂ ಅನ್ನುತ್ತಿರಲಿಲ್ಲ. ಅವನು ನಟ ಅಂತ ಎಷ್ಟು ಹೇಳಿದರೂ ಮಿಸೆಸ್ ಆಕ್ರಾಯ್ಡ್ ಪೂರ್ತಿ ನಂಬಿರಲಿಲ್ಲ. ಒಲೆ ಸರಿಯಾಗಿ ಉರಿಯದಿದ್ದಾಗ ಅವನನ್ನೇ ಕೂಗುತ್ತಿದ್ದಳು. ಅವನೂ ಹೋಗಿ ಸರಿಮಾಡಿ ಬರುತ್ತಿದ್ದ.

“ನಮ್ಮ ಬೀದಿಯ ಹೆಂಗಸರೆಲ್ಲ ಬರ್ತಿದ್ದಾರೆ,” ಅಂತ ಆಕೆ ಟೀ ಬಗ್ಗಿಸುತ್ತ ಹೇಳಿದಳು. ಕಿಟಕಿಯಲ್ಲಿ ನಾಟಕದ ಪೋಸ್ಟರು ಅಂಟಿಸಿಕೊಂಡ ಮನೆಯವರಿಗೆಲ್ಲ ಸೋಮವಾರದ ಮೊದಲ ಆಟಕ್ಕೆ ಬಿಟ್ಟಿ ಟಿಕೆಟ್. “ಹದಿನಾಲ್ಕು ಜನ. ಎಲ್ಲರಿಗೂ ಹೇಳಿಬಿಟ್ಟಿದ್ದೀನಿ. ಕೊನೇಲಿ ಯಾರೂ ಕೋಟು ಹಾಕ್ಕೊಂಡು ಬಸ್ಸಿಗೆ ಅಂತ ಏಳೋ ಹಾಗಿಲ್ಲ, ನಮ್ಮ ಮನೆ ಮಿಸ್ಟರ್ ವಿಂಟ್ ಮಾತಾಡೋ ತನಕ ಕೂತಿರಬೇಕು ಅಂತ. ಸರಿ ಅಲ್ವಾ?”

ವಿಂಟ್ ಮೀನಿನ ಮುಳ್ಳು ಬಿಡಿಸುತ್ತಿದ್ದ. ಬಹಳ ಹೊತ್ತು ಬಿಡಿಸಿದ.

“ಮಿಸೆಸ್ ಆಕ್ರಾಯ್ಡ್, ನಾಟಕದಲ್ಲಿ ಸಣ್ಣಪುಟ್ಟ ಬದಲಾವಣೆ ಆಗ್ತಾ ಇರುತ್ತೆ…”

“ಆಗಲಿ ಬಿಡಿ, ನನಗೇನು! ಮಧ್ಯದಲ್ಲಿ ಅವರು ಏನು ಬೇಕಾದ್ರೂ ಕಿತ್ತಾಡ್ಕೊಳ್ಳಲಿ. ಕೊನೇದು ಇದೆಯಲ್ಲ, ಸಾಕು. ಏನದು ಮಾತು? ನನಗೊಬ್ಬಳಿಗೇ ಹೇಳಿ. ಯಾರಿಗೂ ಹೇಳಲ್ಲ.”

“ಹೇಳಬಾರದು. ಪದ್ಧತಿ.”

“ಥೂ, ಹಾಳು ಪದ್ಧತಿ,” ಅಂದು ಆಕೆ ನಕ್ಕು ಇನ್ನೊಂದು ಮೀನು ಬಡಿಸಿದಳು. “ನಾನೂ ನಿಮ್ಮನ್ನ ಗ್ಯಾಸಿನವರು ಅಂತಿದ್ದೆ ನೋಡಿ. ಇವತ್ತು ನೋಡ್ತೀನಿ. ಕಣ್ಣಾರೆ ನೋಡ್ತೀನಿ.”

ಪೀಚ್ ಹಣ್ಣನ್ನು ಮುಟ್ಟದೆ ಎದ್ದ.

*

ಆರು ಗಂಟೆಗೆ ಹೊರಗೆ ಇನ್ನೂ ಸುಡುಬಿಸಿಲು. ಒಳಗೆ ಏಳುನೂರು ಜನ, ಮಡಿಲಲ್ಲಿ ಟೀ ತಟ್ಟೆಗಳು. ಉಬ್ಬರದ ಹೊತ್ತು, ಹಲಗೆಯ ಕೆಳಗೆ ಅಲೆಗಳು ಕಂಬಗಳಿಗೆ ಹೊಡೆದು ಹೊಡೆದು ಗುಡುಗುತ್ತಿದ್ದವು. ಪಿಯರಿನ ನಟರಿಗೆ ಇದು ಗೊತ್ತು. ಉಬ್ಬರ ಇದ್ದ ದಿನ ಮಾವಿಸ್ ಎಷ್ಟೇ ಕೂಗಿ ಮಾತು ಎತ್ತಿಕೊಟ್ಟರೂ ವೇದಿಕೆಯ ಮಧ್ಯಕ್ಕೆ ಮುಟ್ಟುವುದಿಲ್ಲ. ಅದಕ್ಕೇ ಅವರು ಪಾರ್ಟನ್ನು ಎರಡರಷ್ಟು ಗಟ್ಟಿಮಾಡಿಕೊಂಡಿರುತ್ತಾರೆ. ಫೇನನಿಗೆ ಇದನ್ನು ಯಾರೂ ಹೇಳಿರಲಿಲ್ಲ.

ಕತೆ ಸರಳ. ಒಂದು ಹಳ್ಳಿಯ ಸ್ಟೇಷನ್ನಿನಲ್ಲಿ ಆರು ಜನ ದೊಡ್ಡ ಮನುಷ್ಯರು ರೈಲಿಗೆ ಕಾಯುತ್ತಾರೆ. ಕಾಯುತ್ತ ಕಾಯುತ್ತ ಜಗಳ, ಹಳೆಯ ಪ್ರೇಮ, ಒಂದು ಉಯಿಲು, ಒಂದು ಕಪಾಳಮೋಕ್ಷ. ಪೋರ್ಟರ್ ಅವರ ನಡುವೆ ಒಲೆಗೆ ಕಲ್ಲಿದ್ದಲು ಹಾಕುತ್ತ, ನೆಲ ಗುಡಿಸುತ್ತ, ಟೀ ಕೊಡುತ್ತ ಓಡಾಡುತ್ತಾನೆ. ಯಾರೂ ಅವನನ್ನು ನೋಡುವುದಿಲ್ಲ.

ವಿಂಟ್ ಗುಡಿಸಿದ್ದನ್ನು ನೋಡಬೇಕಿತ್ತು. ಮೂರು ಜನ ಒಟ್ಟಿಗೆ ಕಿರುಚಾಡುತ್ತಿದ್ದಾಗ ಅವರ ಕಾಲ ಕೆಳಗೆ ಪೊರಕೆ ಹಾಕಿದ. ಮೂವರೂ ಮಾತು ನಿಲ್ಲಿಸದೆ, ತಮಗೇ ಗೊತ್ತಿಲ್ಲದೆ, ಒಂದೊಂದೇ ಕಾಲೆತ್ತಿದರು. ಜನ ಮೊದಲ ಸಲ ನಕ್ಕದ್ದು ಅಲ್ಲಿ. ಫೇನ್ ತನ್ನ ಮಾತಿಗೆ ನಕ್ಕರು ಅಂದುಕೊಂಡು ಇನ್ನಷ್ಟು ಎದೆ ಉಬ್ಬಿಸಿದ.

ಎರಡನೇ ಅಂಕದಲ್ಲಿ ಉಬ್ಬಿದ ಎದೆ ಇಳಿಯಿತು. ನಾಯಕಿಯ ಕೈ ಹಿಡಿದು, “ಏಳು ವರ್ಷ, ಕ್ಲಾರಿಸಾ. ಏಳು ವರ್ಷ ನಾನು…” ಅಂದವನು ನಿಂತ. ಏಳು ವರ್ಷ ತಾನೇನು ಮಾಡಿದೆ ಅನ್ನುವುದು ಅವನಿಗೆ ನೆನಪಾಗಲಿಲ್ಲ. ವಿಂಗಿನಲ್ಲಿ ಮಾವಿಸ್ ಬಾಯಿ ತೆರೆದು ಮುಚ್ಚಿದ್ದು ಕಂಡಿತು. ಕೇಳಿಸಿದ್ದು ಅಲೆ ಮಾತ್ರ. ಸಿನಿಮಾ ಆಗಿದ್ದರೆ ಯಾರಾದರೂ “ಕಟ್” ಅನ್ನುತ್ತಿದ್ದರು. ಅವನ ಹಣೆಯಿಂದ ಬಣ್ಣ ಇಳಿಯತೊಡಗಿತು.

ಕಂಪನಿಯಲ್ಲಿ ಯಾರು ಹುಷಾರು ತಪ್ಪಿದರೂ ಅವರ ಪಾರ್ಟು ಮಾಡಬೇಕಾದವನು ವಿಂಟ್. ಎಲ್ಲರ ಮಾತೂ ಅವನಿಗೆ ಬಾಯಿಪಾಠ. ಅವನು ಒಲೆಯ ಪಕ್ಕ ನಿಂತು ಒಂದು ಗಳಿಗೆ ಫೇನನನ್ನು ನೋಡಿದ. ಒಂದೇ ಗಳಿಗೆ. ಆ ಗಳಿಗೆಯಲ್ಲಿ ಗೂಟ ಅವನ ಬೆನ್ನ ಹಿಂದೆಯೇ ಇತ್ತು. ಬೇರೆ ಯಾರೇ ಆಗಿದ್ದರೂ ಮುಳುಗುವವನನ್ನು ಮುಳುಗಲು ಬಿಡುತ್ತಿದ್ದರು, ಬಿಡಲೂಬೇಕಿತ್ತು. ಆದರೆ ಮೂವತ್ತೊಂದು ವರ್ಷ ಪಳಗಿದ ಕಾಲು ಕೇಳಬೇಕಲ್ಲ! ಅವನು ಟೀ ಕಪ್ಪು ಎತ್ತಿಕೊಂಡು ಹೋಗಿ ಫೇನನ ಮುಂದೆ ಬಾಗಿದ.

“ಸಕ್ಕರೆ ಎರಡಾ ಸಾರ್?” ಅಂತ ಜನರಿಗೆ ಕೇಳುವ ಹಾಗೆ ಅಂದು, ಅದೇ ಉಸಿರಿನಲ್ಲಿ ತುಟಿ ಅಲುಗಿಸದೆ ಸೇರಿಸಿದ, “ನಿನ್ನ ಕಾಗದಕ್ಕೆ ಕಾದೆ.”

“ನಾನು ನಿನ್ನ ಕಾಗದಕ್ಕೆ ಕಾದೆ!” ಅಂತ ಫೇನ್ ಕಪ್ಪನ್ನು ಎರಡೂ ಕೈಯಲ್ಲಿ ಹಿಡಿದುಕೊಂಡ. ಕಾಲು ಗಂಟೆಯ ಮೇಲೆ ಮತ್ತೆ ನಿಂತ. ಮತ್ತೆ ಟೀ ಬಂತು. ಮೂರನೇ ಸಲ ಟೀ ಬಂದಾಗ ಜನ ಆ ಪೋರ್ಟರನನ್ನು ಕಂಡೊಡನೆ ನಗತೊಡಗಿದ್ದರು.

ಹೀಗೆ ನಾಟಕ ತುದಿಗೆ ಬಂತು. ಜಗಳ ತೀರಿತು, ಉಯಿಲು ಹರಿಯಿತು, ಜೋಡಿಗಳು ಕೂಡಿದವು. ಎಲ್ಲರೂ ಪೆಟ್ಟಿಗೆ ಎತ್ತಿಕೊಂಡು ರೈಲಿಗೆ ಸಾಲಾಗಿ ನಿಂತರು. ವಿಂಟ್ ಒಲೆಯ ಬಳಿ ಕಪ್ಪು ಒರೆಸುತ್ತಿದ್ದ. ಫೇನ್ ಗೋಡೆಯ ನೋಟೀಸಿನ ಹತ್ತಿರ ಹೋಗಿ, ಬೆಳಕಿಗೆ ಗಲ್ಲ ಎತ್ತಿ, ಹೊಸದಾಗಿ ತನ್ನದಾದ ಮಾತನ್ನು, ನಾಯಕನ ಬಾಯಿಗೆ ಹೊಂದುವಂತೆ ತಿದ್ದಿಕೊಂಡು, ಹೇಳಿದ.

“ಅಯ್ಯೋ ದೇವರೇ! ಈ ರೈಲು ಲೈನನ್ನ ಶನಿವಾರವೇ ಮುಚ್ಚಿಬಿಟ್ಟಿದ್ದಾರೆ! ಯಾರೂ ನಮಗೆ ಹೇಳಲೇ ಇಲ್ಲ!”

ಎಲ್ಲೋ ಇಬ್ಬರು ನಕ್ಕರು. ಫೇನ್ ಕೈ ಚಾಚಿ ಪರದೆಗೆ ಕಾದ.

ಪರದೆ ಬೀಳಲಿಲ್ಲ.

ಪರದೆಯ ಹಗ್ಗ ಹಿಡಿಯುವವನು ನಾಬಿ ಕ್ಲೆಗ್. ಮೇಲೆ ಅಟ್ಟದಲ್ಲಿ ನಿಂತು, ಒಂದು ಕಿಂಡಿಯಿಂದ ವೇದಿಕೆ ನೋಡಿಕೊಂಡು ಹಗ್ಗ ಬಿಡುತ್ತಾನೆ. ಅವನಿಗೆ ಸನ್ನೆ ಕೊಡುವ ಕೆಂಪು ದೀಪದ ತಂತಿಯನ್ನು ಈಸ್ಟರ್ ಹೊತ್ತಿಗೇ ಉಪ್ಪುಗಾಳಿ ತಿಂದುಹಾಕಿತ್ತು. ಆವತ್ತಿನಿಂದ ಯಾರ ಯಾವ ಮಾತಿಗೆ ಪರದೆ ಬಿಡಬೇಕು ಅಂತ ಮಾವಿಸ್ ಪ್ರತಿ ಸೋಮವಾರ ಬೆಳಗ್ಗೆ ಒಂದು ಚೀಟಿ ಬರೆದು ಕೊಡುತ್ತಿದ್ದಳು. ನಾಬಿ ಅದನ್ನು ಹಗ್ಗದ ಪಕ್ಕ ಮೊಳೆ ಹೊಡೆದುಕೊಳ್ಳುತ್ತಿದ್ದ. ಮಧ್ಯಾಹ್ನ ಮಾತು ಬದಲಾಯಿಸಿದಾಗ ನಾಬಿ ದಡದ ಅಂಗಡಿಯಲ್ಲಿ ಕರಿದ ಮೀನು ತಿನ್ನುತ್ತಿದ್ದ. ಮಾವಿಸ್ ಹೇಳುತ್ತಾಳೆ ಅಂತ ಮಿಸೆಸ್ ಥಾರ್ಪ್ ಅಂದುಕೊಂಡಳು. ಮಾವಿಸ್ ಏನು ಅಂದುಕೊಂಡಳೋ ಅವಳಿಗೇ ಗೊತ್ತು. ನಾಬಿಯ ಚೀಟಿಯಲ್ಲಿ ಇನ್ನೂ ಪೋರ್ಟರನ ಹಳೆಯ ಮಾತೇ ಇತ್ತು. ಪೋರ್ಟರ್ ಇನ್ನೂ ಬಾಯಿ ಬಿಟ್ಟಿರಲಿಲ್ಲ.

ಫೇನ್ ಕೈ ಇಳಿಸಿದ. ಮತ್ತೆ ಚಾಚಿದ. “ಯಾರೂ… ನಮಗೆ… ಹೇಳಲೇ ಇಲ್ಲ!” ಅಂತ ಇನ್ನೊಮ್ಮೆ, ಅಟ್ಟದ ಕಡೆ ನೋಡುತ್ತ ಅಂದ. ಈ ಸಲ ಒಬ್ಬರೂ ನಗಲಿಲ್ಲ. ಪೆಟ್ಟಿಗೆ ಎತ್ತಿಕೊಂಡು ನಿಂತಿದ್ದ ನಟರು ಅದನ್ನು ಒಂದು ಕೈಯಿಂದ ಇನ್ನೊಂದು ಕೈಗೆ ಬದಲಾಯಿಸಿಕೊಂಡರು. ಕೆಳಗೆ ಅಲೆ ಬಂತು, ಹೋಯಿತು, ಇನ್ನೊಂದು ಬಂತು. ಏಳುನೂರು ಜನರ ಮುಂದೆ ಬರಿದೇ ನಿಲ್ಲುವುದು ಎಂದರೇನು ಅಂತ ಮಳೆಕೋಟಿನ ಫೇನನಿಗೆ ಆಗ ಗೊತ್ತಾಯಿತು.

ವಿಂಟ್ ಕಪ್ಪು ಒರೆಸುತ್ತಲೇ ಇದ್ದ. ಒಂದು ಮಾತು, ಅಷ್ಟೇ. ಬಾಯಿ ತುದಿಯಲ್ಲೇ ಇತ್ತು. ಆದರೆ ಅದನ್ನು ಅವನಿಂದ ತೆಗೆದುಕೊಂಡಾಗಿತ್ತು. ಬಿಟ್ಟುಕೊಟ್ಟದ್ದನ್ನು ಕದಿಯುವ ಜಾತಿ ಅವನದಲ್ಲ. ಕಪ್ಪಿನ ಒಳಗನ್ನೂ ಒರೆಸಿದ.

ಆಗ ಆರನೇ ಸಾಲಿನಿಂದ ಒಂದು ಹೆಂಗಸಿನ ದನಿ, ಬೀದಿಯ ಈ ತುದಿಯಿಂದ ಆ ತುದಿಗೆ ಹಾಲಿನವನನ್ನು ಕೂಗುವಂಥ ದನಿ, ಎದ್ದು ಬಂತು.

“ಆ ಪೋರ್ಟರ್‌ನ ಕೇಳಪ್ಪಾ! ಪಾಪ, ಎರಡು ಗಂಟೆ ಹೊತ್ತಿನಿಂದ ಅಲ್ಲೇ ನಿಂತಿದ್ದಾನಲ್ಲ!”

“ಹೌದು, ಕೇಳಿ!” ಅಂತ ಪಕ್ಕದವಳು. “ಕೇಳಿ, ಕೇಳಿ!” ಅಂತ ಹದಿನಾಲ್ಕೂ ಜನ.

ಫೇನ್ ತಿರುಗಿದ. ಎರಡು ದಿನದಲ್ಲಿ ಅವನು ವಿಂಟನ ಮುಖವನ್ನು ನೇರವಾಗಿ ನೋಡಿದ್ದು ಅದೇ ಮೊದಲು. ಅವನ ದನಿ ಸಣ್ಣಗಾಗಿತ್ತು, ನಿಜವಾದ ಮನುಷ್ಯನ ದನಿಯಂತಾಗಿತ್ತು.

“ಪೋರ್ಟರ್… ನಿನಗೆ… ನಿನಗೆ ಇದು ಗೊತ್ತಿತ್ತಾ?”

ವಿಂಟ್ ಅವಸರ ಮಾಡಲಿಲ್ಲ. ಕಪ್ಪನ್ನು ಕೊಂಡಿಗೆ ನೇತುಹಾಕಿದ. ಬಟ್ಟೆ ಮಡಿಸಿಟ್ಟ. ಲಾಂದ್ರದ ಬತ್ತಿ ಇಳಿಸಿ, ಜೇಬಿನಿಂದ ಗಡಿಯಾರ ತೆಗೆದು ನೋಡಿ, ಒಳಗಿಟ್ಟ. ಆಮೇಲೆ ಅವನು ಫೇನನ ಕಡೆ ತಿರುಗಿ, ಯಾರ ಮನಸ್ಸನ್ನೂ ನೋಯಿಸಬಾರದು ಅನ್ನುವವನ ಹಾಗೆ, ಮೆತ್ತಗೆ ಹೇಳಿದ.

“ಗೊತ್ತಿತ್ತು ಸಾರ್. ಯಾರೂ ನನ್ನ ಕೇಳ್ಲೇ ಇಲ್ಲ.”

ನಾಬಿ ಹಗ್ಗ ಬಿಟ್ಟ.

ಪರದೆ ನೆಲ ಮುಟ್ಟುವ ಮೊದಲೇ ನಗು ಅದಕ್ಕೆ ಹೊಡೆಯಿತು. ಟೀ ತಟ್ಟೆಗಳು ಉರುಳಿದವು. ಐದನೇ ಸಾಲಿನ ಒಬ್ಬ ಮುದುಕನಿಗೆ ಕೆಮ್ಮು ಹತ್ತಿ ಹೆಂಡತಿ ಬೆನ್ನು ಗುದ್ದಬೇಕಾಯಿತು. ನಗು ಒಮ್ಮೆ ಇಳಿದು, ಯಾರೋ “ಯಾರೂ ನನ್ನ ಕೇಳ್ಲೇ ಇಲ್ಲ” ಅಂತ ಪ್ಯಾಸೇಜಿನಲ್ಲಿ ಅಂದದ್ದಕ್ಕೆ ಮತ್ತೆ ಎದ್ದಿತು. ಬಾಲ್ಕನಿಯವರು ಕಾಲಿನಿಂದ ಹಲಗೆ ಕುಟ್ಟತೊಡಗಿದರು. ಕೆಳಗಿನ ಅಲೆಯ ಸದ್ದು ಅದರಲ್ಲಿ ಅಡಗಿಹೋಯಿತು. ಪರದೆಯನ್ನು ಐದು ಸಲ ಎತ್ತಬೇಕಾಯಿತು. ಐದನೇ ಸಲಕ್ಕೆ ನಟರೇ ವಿಂಟನನ್ನು ಹಿಂದಿನಿಂದ ಮುಂದಕ್ಕೆ ತಳ್ಳಿದರು. ಆರನೇ ಸಾಲಿನಲ್ಲಿ ಮಿಸೆಸ್ ಆಕ್ರಾಯ್ಡ್ ಎದ್ದು ನಿಂತು ಸುತ್ತಲಿನವರಿಗೆ ಬೆರಳು ಮಾಡಿ ತೋರಿಸುತ್ತಿದ್ದಳು. “ನಮ್ಮ ಮನೇಲೇ ಇರೋದು! ನಟ ಕಣ್ರೀ! ನಟ!”

*

ಒಳಗಿನ ಓಣಿಯಲ್ಲಿ ಎಲ್ಲರೂ ಒಟ್ಟಿಗೆ ಮಾತಾಡುತ್ತಿದ್ದರು. ಫೇನ್ ಟವೆಲಿನಿಂದ ಕತ್ತು ಒರೆಸಿಕೊಳ್ಳುತ್ತ ಮಧ್ಯದಲ್ಲಿ ನಿಂತಿದ್ದ. ಭಯ ಇಳಿದಿತ್ತು; ಇಳಿದ ಜಾಗಕ್ಕೆ ಹಳೆಯ ಫೇನ್ ವಾಪಸು ಬಂದಿದ್ದ.

“ಆ ಮೌನ ನೋಡಿದ್ರಾ? ನಾನು ಬೇಕಂತಲೇ ಎಳೆದದ್ದು. ಜನ ಹೇಗೆ ಸಿಕ್ಕಿಹಾಕ್ಕೊಂಡ್ರು! ಎರಡನೇ ಆಟದಲ್ಲೂ ಹೀಗೇ ಮಾಡೋಣ.”

“ಹಾಗೇ ಮಾಡೋಣ ಡಾರ್ಲಿಂಗ್,” ಎಂದಳು ಮಿಸೆಸ್ ಥಾರ್ಪ್. ಅವಳ ಕಣ್ಣೀರಿನಲ್ಲಿ ಕಾಡಿಗೆ ಗಲ್ಲಕ್ಕೆ ಇಳಿದಿತ್ತು. “ಪೋರ್ಟರನ ಮಾತು ಪೋರ್ಟರನಿಗೇ ಇರಲಿ.”

ನಾಬಿ ಏಣಿ ಇಳಿದು ಬಂದ. ಕೈಯಲ್ಲಿ ಚೀಟಿ, ಮೊಳೆಯ ಸಮೇತ.

“ಅಲ್ರೀ, ಮಾತು ಬದಲಾಯಿಸಿದ್ರಂತೆ? ಹಗ್ಗ ಹಿಡ್ಕೊಂಡೋನಿಗೂ ಒಂದು ಮಾತು ಹೇಳಬಾರ್ದೇನ್ರೀ? ಮ್ಯಾಲೆ ನಿಂತೋನು ಮನುಷ್ಯ ಅಲ್ವಾ? ಪೋರ್ಟರ್ ಮಾತಾಡ್ತಾನೆ, ಪೋರ್ಟರ್ ಮಾತಾಡ್ತಾನೆ ಅಂತ ಕಾದೂ ಕಾದೂ ಕೈ ಸೋತೋಯ್ತು!”

“ನನಗೆ ಮರೆತೇಹೋಯ್ತು ನಾಬಿ,” ಎಂದಳು ಮಾವಿಸ್, ಸ್ವೆಟರಿನ ಮನೆಗಳನ್ನು ಎಣಿಸುತ್ತ. ತಲೆ ಎತ್ತಲಿಲ್ಲ.

ವಿಂಟ್ ಪೋರ್ಟರನ ಕೋಟು ಬಿಚ್ಚಿಟ್ಟು ತನ್ನ ಕೋಟು ಹಾಕಿಕೊಂಡು ಬಂದ. ಎರಡನೇ ಆಟಕ್ಕೆ ಇನ್ನೂ ಸಮಯವಿತ್ತು. ಆ ಹೊತ್ತಿನಲ್ಲಿ ದಡದವರೆಗೆ ಹೋಗಿಬರುವುದು ಅವನ ರೂಢಿ. ಜನ ಅವನಿಗೆ ದಾರಿ ಬಿಟ್ಟರು. ಯಾರೋ ಬೆನ್ನು ತಟ್ಟಿದರು. ಫೇನ್ ಅವನ ತೋಳು ಹಿಡಿದು ನಿಲ್ಲಿಸಿದ. ಈ ಸಲ ಅವನ ಮುಖದಲ್ಲಿ ಕೊಂಕಿರಲಿಲ್ಲ. ಹೊಳೆಯದ ಲೆಕ್ಕದ ಮುಂದೆ ಕೂತ ಹುಡುಗನ ಮುಖ.

“ಅಲ್ಲ ಕಣಯ್ಯಾ ವಿಂಟ್, ಒಂದು ವಿಷಯ ನನಗೆ ಅರ್ಥವಾಗ್ತಿಲ್ಲ. ಇದೆಲ್ಲ ನಿನಗೆ ಬರುತ್ತೆ. ಎಲ್ಲರ ಪಾರ್ಟೂ ಗೊತ್ತು. ಆ ಮಾತನ್ನ ಹೇಗೆ ಹೇಳಬೇಕು ಅಂತಾನೂ ಗೊತ್ತು. ಮತ್ತೆ ಮಧ್ಯಾಹ್ನಾನೇ ಯಾಕೆ ಹೇಳಲಿಲ್ಲ?”

ನಾಬಿ ತನ್ನ ಟೋಪಿಯ ಅಂಚನ್ನು ಹಲ್ಲಿನಲ್ಲಿ ಕಚ್ಚಿಕೊಂಡ. ನಾಯಕಿಯ ಪಾರ್ಟಿನವಳು ಗೋಡೆಯ ಕಡೆ ತಿರುಗಿದಳು, ಅವಳ ಭುಜ ಕುಣಿಯುತ್ತಿತ್ತು. ಮಿಸೆಸ್ ಥಾರ್ಪ್ ಕರವಸ್ತ್ರವನ್ನು ಬಾಯಿಗೆ ಒತ್ತಿಕೊಂಡಳು. ಎಲ್ಲರೂ ಅದೇ ಕೊನೆಯ ಮಾತಿಗೆ ಕಾದು ವಿಂಟನ ಬಾಯಿಯನ್ನೇ ನೋಡುತ್ತಿದ್ದರು.

ವಿಂಟ್ ಫೇನನನ್ನು ನೋಡಿದ. ತುಟಿ ತೆರೆದಂತಾಯಿತು. ಮುಚ್ಚಿಕೊಂಡಿತು. ಅವನು ಫೇನನ ಬೆರಳುಗಳನ್ನು ತನ್ನ ತೋಳಿನಿಂದ ಮೆಲ್ಲಗೆ, ಬಟ್ಲರ್ ಒಬ್ಬ ಅತಿಥಿಯ ಕೈಗವಸು ಇಸಿದುಕೊಳ್ಳುವ ಹಾಗೆ, ಬಿಡಿಸಿದ. ಟೋಪಿ ಹಾಕಿಕೊಂಡ. ಬೆಂಕಿ ಆರಿಸಲು ಇಟ್ಟ ಬಕೆಟ್ಟುಗಳನ್ನು ದಾಟಿ, ಮಳೆ ಬಂದರೆ ಸೂರಿನಿಂದ ನೀರು ತೊಟ್ಟಿಕ್ಕುವ ಜಾಗವನ್ನು ಬಳಸಿ, ಹಿಂಬಾಗಿಲ ಕಡೆ ನಡೆದ.

ಹೊರಗೆ ಬಿಸಿಲು ಹಳದಿಗೆ ತಿರುಗಿತ್ತು. ಉಬ್ಬರ ಇಳಿಯತೊಡಗಿತ್ತು. ಅವನು ಒಂದು ಕಾಲು ಹೊಸ್ತಿಲಾಚೆ ಇಟ್ಟ. ಇನ್ನೊಂದು ಕಾಲು ಇಟ್ಟ. ಎರಡೂ ಕಾಲು ಹಲಗೆಯ ಮೇಲೆ ಬಂದ ಮೇಲೆ ಟೋಪಿಯನ್ನು ಒಂದಿಷ್ಟು ವಾರೆಮಾಡಿಕೊಂಡ.

ಒಳಗೆ ಮಾವಿಸ್ ಸೂಜಿ ನಿಲ್ಲಿಸಿದಳು. ಶಿಳ್ಳೆ ಪಿಯರಿನ ಉದ್ದಕ್ಕೂ, ಐಸ್‌ಕ್ರೀಮಿನ ಗಾಡಿಯನ್ನು ದಾಟಿ, ಗಾಳ ಹಾಕಿ ಕೂತವರನ್ನು ದಾಟಿ, ದಡದ ಕಡೆ ಹೋಗುತ್ತಿತ್ತು.